ಸರಕಾರದ ತಡವಾದ ಅಪೀಲು, ಬಡವರ ಮಕ್ಕಳ ಕಳೆದ ವಯಸ್ಸು

ನೌಕರಿಯ ನೇಮಕದ ಮೊಕದ್ದಮೆಯಲ್ಲಿ ಬಡವನೊಬ್ಬ ಸರಕಾರದ ಮೇಲೆ ಗೆದ್ದರೆ ಅವನ ಕಷ್ಟ ತೀರಿತೆಂದು ಹೊರಗಿನವರು ತಿಳಿಯುತ್ತಾರೆ. ಗೆದ್ದವನಿಗೆ ಗೊತ್ತು, ಅವನ ಕಷ್ಟದ ಎರಡನೆಯ ಭಾಗ ಶುರುವಾಗುವುದು ತೀರ್ಪಿನ ಮಾರನೆಯ ದಿನದಿಂದ. ತೀರ್ಪಿನ ನಕಲು ಇಲಾಖೆಗೆ ಹೋಗುತ್ತದೆ. ಇಲಾಖೆಯಿಂದ ಕಾನೂನು ಇಲಾಖೆಗೆ, ಅಲ್ಲಿಂದ ಸರಕಾರಿ ವಕೀಲರಿಗೆ, ಅವರ ಅಭಿಪ್ರಾಯದೊಡನೆ ಮತ್ತೆ ಇಲಾಖೆಗೆ, ಹಣದ ಮಾತಿದ್ದರೆ ಹಣಕಾಸು ಇಲಾಖೆಗೆ. ಒಂದೊಂದು ಮೇಜಿನ ಮೇಲೂ ಕಡತ ತಿಂಗಳುಗಟ್ಟಲೆ ಮಲಗುತ್ತದೆ. ಗೆದ್ದವನು ಕಾದು ಕಾದು ಸಾಕಾಗಿ ನ್ಯಾಯಾಂಗ ನಿಂದನೆಯ ಅರ್ಜಿ ಹಾಕಿದ ದಿನ ಇಡೀ ಸೆಕ್ರೆಟೇರಿಯಟ್ಟು ತಟ್ಟನೆ ಎಚ್ಚರಗೊಳ್ಳುತ್ತದೆ. ಆಗ ಹೊರಬೀಳುವುದು ನೇಮಕದ ಆಜ್ಞೆಯಲ್ಲ, ಅಪೀಲು. ಜೊತೆಗೊಂದು ಪ್ರಮಾಣಪತ್ರ: “ಕಡತ ಒಂದು ಮೇಜಿನಿಂದ ಇನ್ನೊಂದು ಮೇಜಿಗೆ ಹೋಗುವುದರಲ್ಲಿ ತಡವಾಯಿತು, ದಯಮಾಡಿ ಮನ್ನಿಸಬೇಕು.”

ಈ ಮನ್ನಣೆಯ ವಿಷಯವನ್ನೇ ನಾವಿಂದು ನಮ್ಮ ಓದುಗರ ಮುಂದೆ ಇಡಬೇಕೆಂದಿದ್ದೇವೆ.

ಕಾಲಪರಿಮಿತಿಯ ಕಾನೂನು ನಮ್ಮ ದೇಶದಲ್ಲಿ 1963ರದ್ದು. ಹೈಕೋರ್ಟಿನ ತೀರ್ಪಿನ ಮೇಲೆ ಸುಪ್ರೀಂ ಕೋರ್ಟಿಗೆ ಹೋಗಲು 90 ದಿನ. ನಮ್ಮ ಹೈಕೋರ್ಟಿನಲ್ಲೇ ಒಬ್ಬ ನ್ಯಾಯಾಧೀಶರ ತೀರ್ಪಿನ ಮೇಲೆ ಇಬ್ಬರ ಪೀಠಕ್ಕೆ ಹೋಗಲು 30 ದಿನ. ತಡವಾದವನು ತಕ್ಕ ಕಾರಣ ತೋರಿಸಿದರೆ ಕೋರ್ಟು ಆ ತಡವನ್ನು ಮನ್ನಿಸಬಹುದು. ಕಾಯಿಲೆ ಬಿದ್ದವನು, ಮಳೆಗೆ ದಾರಿ ಕಟ್ಟಿದವನು, ಓದು ಬರಹ ತಿಳಿಯದೆ ಮೋಸ ಹೋದವನು ಇಂಥವರಿಗಾಗಿ ಇಟ್ಟ ಸಣ್ಣ ಕಿಟಕಿ ಅದು. ಆ ಕಿಟಕಿಯೊಳಗೆ ಸರಕಾರ ತನ್ನ ಲಾರಿಯನ್ನೇ ನುಗ್ಗಿಸಿತು.

ಇದು ಹೇಗಾಯಿತೆಂದು ನೋಡಬೇಕು. 1987ರಲ್ಲಿ ಕಾಶ್ಮೀರದ ಒಂದು ಭೂಸ್ವಾಧೀನದ ಮೊಕದ್ದಮೆ ಸುಪ್ರೀಂ ಕೋರ್ಟಿಗೆ ಬಂತು. ಅಲ್ಲಿ ಸರಕಾರದ ಅಪೀಲು ತಡವಾಗಿದ್ದುದು 4 ದಿನ. ನಾಲ್ಕು ದಿನದ ಸಲುವಾಗಿ ನ್ಯಾಯದ ಬಾಗಿಲು ಮುಚ್ಚಬಾರದು, ಸರಕಾರವೆಂಬುದು ಹಲವು ಕೈಗಳಿಂದ ನಡೆಯುವ ಯಂತ್ರ, ಅದಕ್ಕೆ ತುಸು ಸಡಿಲ ಕೊಡಬೇಕು ಎಂದು ಕೋರ್ಟು ಹೇಳಿತು. ಮಾತು ಸರಿಯೇ. ಆದರೆ ಆ ನಾಲ್ಕು ದಿನದ ಔದಾರ್ಯವನ್ನು ಎಲ್ಲ ರಾಜ್ಯಗಳ ಅಧಿಕಾರಶಾಹಿಯೂ ಕೈಗೆ ಸಿಕ್ಕ ಖಾಯಂ ಪರವಾನಗಿ ಎಂದೇ ತಿಳಿಯಿತು. ತಿಂಗಳು ಹೋಗಿ ವರ್ಷವಾಯಿತು, ವರ್ಷ ಹೋಗಿ ವರ್ಷಗಳಾದವು. 2012ರಲ್ಲಿ ಅಂಚೆ ಇಲಾಖೆ 427 ದಿನ ತಡವಾಗಿ ಬಂದಾಗ, ಕಾಲಪರಿಮಿತಿಯ ಕಾನೂನು ಸರಕಾರಕ್ಕೂ ಅನ್ವಯಿಸುತ್ತದೆ ಎಂದು ಸುಪ್ರೀಂ ಕೋರ್ಟು ಬಿಡಿಸಿ ಹೇಳಬೇಕಾಯಿತು. 2020ರ ಅಕ್ಟೋಬರಿನಲ್ಲಿ ಮಧ್ಯಪ್ರದೇಶ ಸರಕಾರ 663 ದಿನ ತಡವಾಗಿ ಬಂದಾಗ 25 ಸಾವಿರ ರೂಪಾಯಿ ದಂಡ ಹಾಕಿತು. ಇಂಥ ಅಪೀಲುಗಳು ಗೆಲ್ಲಲು ಹಾಕಿದವಲ್ಲ, ಕೋರ್ಟೇ ವಜಾ ಮಾಡಿತೆಂದು ಒಂದು ಸರ್ಟಿಫಿಕೇಟು ಪಡೆದು ತಪ್ಪಿತಸ್ಥ ಅಧಿಕಾರಿಗಳನ್ನು ಉಳಿಸಲು ಹಾಕಿದವು ಎಂದು ಕಟುವಾಗಿಯೇ ಹೇಳಿತು.

ಇಷ್ಟಾದರೂ ನಮ್ಮ ರಾಜ್ಯದ ದಾಖಲೆಯ ಮುಂದೆ ಇವೆಲ್ಲ ಸಣ್ಣವು. ಕರ್ನಾಟಕ ಗೃಹಮಂಡಳಿ ಒಂದು ಜಮೀನಿನ ವ್ಯಾಜ್ಯದಲ್ಲಿ 3966 ದಿನ ತಡವಾಗಿ ಅಪೀಲು ಹಾಕಿತು. ಎಣಿಸಿ ನೋಡಿದರೆ ಹತ್ತು ವರ್ಷ ಹತ್ತು ತಿಂಗಳು. ಅಪೀಲಿನ ಗಡುವು ಮುಗಿದ ದಿನ ತೊಟ್ಟಿಲಲ್ಲಿದ್ದ ಕೂಸು ಅಪೀಲು ಬೀಳುವ ಹೊತ್ತಿಗೆ ಮಾಧ್ಯಮಿಕ ಶಾಲೆಗೆ ಹೋಗುತ್ತಿರುತ್ತದೆ. ನಮ್ಮ ಹೈಕೋರ್ಟು ಈ ತಡವನ್ನೂ ಮನ್ನಿಸಿತ್ತು. 2025ರ ಸೆಪ್ಟೆಂಬರಿನಲ್ಲಿ ಸುಪ್ರೀಂ ಕೋರ್ಟು ಆ ಮನ್ನಣೆಯನ್ನು ರದ್ದು ಮಾಡಿ, ಸರಕಾರದ ಆಲಸ್ಯಕ್ಕೆ ಹೈಕೋರ್ಟುಗಳು ಆಸರೆ ಕೊಡಕೂಡದೆಂದು ಎಚ್ಚರಿಸಿತು. ವ್ಯಾಜ್ಯ ಜಮೀನಿನದಾದರೂ ತತ್ವ ಒಂದೇ. ಜಮೀನು ಹತ್ತು ವರ್ಷ ಕಾದೀತು. ನೌಕರಿಗೆ ಕಾಯುವವನ ವಯಸ್ಸು ಕಾಯುವುದಿಲ್ಲ. ನಮ್ಮ ಸರಕಾರಿ ನೇಮಕದಲ್ಲಿ ಸಾಮಾನ್ಯ ನಿಯಮದಂತೆ ವಯಸ್ಸಿನ ಮಿತಿ 35, ಹಿಂದುಳಿದ ವರ್ಗದವರಿಗೆ 38, ಪರಿಶಿಷ್ಟರಿಗೆ 40. ಗದ್ದಲವಾದಾಗ ಸರಕಾರ ಒಂದು ಸಲದ ಸಡಿಲಿಕೆ ಕೊಡುತ್ತದೆ. ಆದರೆ ಸಡಿಲಿಕೆ ದಯೆಯ ಮಾತು, ಹಕ್ಕಿನ ಮಾತಲ್ಲ.

ನಮ್ಮ ಗುಡ್ಡದ ಜನಕ್ಕೆ ಇದರ ಬಿಸಿ ಹೇಗೆ ತಟ್ಟುತ್ತದೆಂದು ದೂರದವರಿಗೆ ತಿಳಿಯದು. ಮೂಡಿಗೆರೆ, ಕಳಸ, ಬಾಳೆಹೊನ್ನೂರಿನ ತೋಟದ ಲೈನುಗಳಲ್ಲಿ ಹುಟ್ಟಿದ ಹುಡುಗನಿಗೆ, ಚಿಕ್ಕಮಗಳೂರಿನ ಕ್ಯೂರಿಂಗ್ ವರ್ಕ್ಸಿನಲ್ಲಿ ಕಾಫಿ ಬೀಜ ಆರಿಸುವ ತಾಯಿಯ ಮಗಳಿಗೆ, ಪೇಟೆಯಲ್ಲಿ ಸಣ್ಣ ಕಿರಾಣಿ ಅಂಗಡಿ ಇಟ್ಟವರ ಮಕ್ಕಳಿಗೆ ಮುಂದೆ ಇರುವ ದಾರಿಗಳು ನಾಲ್ಕಾರು. ತೋಟವಿಲ್ಲ, ಬಂಡವಾಳವಿಲ್ಲ, ವಶೀಲಿಯಿಲ್ಲ. ಮೆಸ್ಕಾಂನಲ್ಲಿ ಲೈನ್‌ಮನ್, ಸಾರಿಗೆ ಸಂಸ್ಥೆಯಲ್ಲಿ ಕಂಡಕ್ಟರು, ಅರಣ್ಯ ಇಲಾಖೆಯಲ್ಲಿ ಗಾರ್ಡು, ಪ್ರಾಥಮಿಕ ಶಾಲೆಯ ಮೇಷ್ಟ್ರು, ಗ್ರಾಮ ಲೆಕ್ಕಿಗ, ಪೊಲೀಸು ಪೇದೆ. ಕಾಫಿ ಕೊಯ್ಲಿನ ಕೂಲಿ ಉಳಿಸಿ, ಬೆಂಗಳೂರಿಗೋ ಧಾರವಾಡಕ್ಕೋ ಹೋಗಿ ಕೋಚಿಂಗು ಸೇರಿ, ಪರೀಕ್ಷೆ ಪಾಸು ಮಾಡಿದ ಮೇಲೆ ಅವನ ಹೆಸರು ಪಟ್ಟಿಯಲ್ಲಿ ಬರುತ್ತದೆ. ಪಟ್ಟಿಯ ಹಿಂದೆಯೇ ವ್ಯಾಜ್ಯವೂ ಬರುತ್ತದೆ. ಅಲ್ಲಿಗೆ ಅವನ ಜೀವನ ನಿಂತಲ್ಲೇ ನಿಲ್ಲುತ್ತದೆ. ತೋಟಕ್ಕೆ ಹೋದರೆ ಓದಿದ್ದು ದಂಡ, ಹೋಗದಿದ್ದರೆ ಊಟಕ್ಕಿಲ್ಲ. ಹೆಣ್ಣುಮಕ್ಕಳಾದರೆ ಮದುವೆಯ ಮಾತೂ ಪಟ್ಟಿಯ ಜೊತೆಗೇ ತೂಗಾಡುತ್ತದೆ.

ನಮ್ಮ ರಾಜ್ಯದ ನೇಮಕಗಳ ಇತಿಹಾಸವನ್ನೇ ನೋಡೋಣ. ಲೋಕಸೇವಾ ಆಯೋಗ 2011ರಲ್ಲಿ 362 ಗೆಜೆಟೆಡ್ ಹುದ್ದೆಗಳಿಗೆ ಅರ್ಜಿ ಕರೆಯಿತು. ಸಂದರ್ಶನದಲ್ಲಿ ಲಂಚದ ದೂರು ಬಂತು, 2013ರಲ್ಲಿ ಸಿ.ಐ.ಡಿ. ತನಿಖೆಯಾಯಿತು. 2014ರ ಆಗಸ್ಟಿನಲ್ಲಿ ಸರಕಾರ ಇಡೀ ಆಯ್ಕೆಯನ್ನು ಕೈಬಿಟ್ಟಿತು. 2016ರ ಅಕ್ಟೋಬರಿನಲ್ಲಿ ಆಡಳಿತ ನ್ಯಾಯಮಂಡಳಿ ಸರಕಾರದ ಆಜ್ಞೆಯನ್ನು ತಳ್ಳಿಹಾಕಿತು. 2018ರ ಮಾರ್ಚಿನಲ್ಲಿ ಹೈಕೋರ್ಟು ನ್ಯಾಯಮಂಡಳಿಯ ಆಜ್ಞೆಯನ್ನೇ ತಳ್ಳಿಹಾಕಿತು, ಸುಪ್ರೀಂ ಕೋರ್ಟೂ ಅದೇ ವರ್ಷ ಹೈಕೋರ್ಟಿನ ಮಾತನ್ನು ಎತ್ತಿಹಿಡಿಯಿತು. ಇಷ್ಟಕ್ಕೆ ಮುಗಿಯಿತೆನ್ನುವಾಗ 2022ರಲ್ಲಿ ವಿಧಾನಮಂಡಲವೇ ಒಂದು ಕಾಯಿದೆ ಮಾಡಿ ಆ ಆಯ್ಕೆಯನ್ನು ಸಕ್ರಮವೆಂದು ಸಾರಿತು. ಅರ್ಜಿ ಕರೆದದ್ದು 2011, ದಾರಿ ತೆರೆದದ್ದು 2022. ಹಣ ಕೊಟ್ಟವನೂ ಕೊಡದವನೂ ಒಂದೇ ಗಾಣದಲ್ಲಿ ಹನ್ನೊಂದು ವರ್ಷ ಅರೆಯಲ್ಪಟ್ಟರು. ಕಳ್ಳನನ್ನು ಕಳ್ಳನೆಂದು ಬೇಗನೆ ಹಿಡಿದಿದ್ದರೆ ಸಾಚಾ ಮನುಷ್ಯ ಬೇಗನೆ ಮನೆ ಸೇರುತ್ತಿದ್ದ.

ಇದಕ್ಕೂ ಹಳೆಯ ಕಥೆ 1998ರ ತಂಡದ್ದು. ಆ ಆಯ್ಕೆಯಲ್ಲಿ ಅನ್ಯಾಯವಾಗಿದೆ, ಪಟ್ಟಿಯನ್ನು ತಿರುಗಿ ಮಾಡಿರೆಂದು ಹೈಕೋರ್ಟು ಹೇಳಿದ್ದು 2016ರ ಜೂನಿನಲ್ಲಿ. ಅಷ್ಟರಲ್ಲಿ ಹದಿನೆಂಟು ವರ್ಷ ಸರಿದಿತ್ತು. ಪಟ್ಟಿಯಲ್ಲಿದ್ದವರು ದೊಡ್ಡ ಅಧಿಕಾರಿಗಳಾಗಿದ್ದರು, ಪಟ್ಟಿಯಿಂದ ತಪ್ಪಿಹೋದವರ ತಲೆ ನರೆತಿತ್ತು. ಇತ್ತೀಚಿನದು 545 ಪಿ.ಎಸ್.ಐ. ಹುದ್ದೆಗಳದು: ಪರೀಕ್ಷೆ 2021ರ ಅಕ್ಟೋಬರಿನಲ್ಲಿ, ಹಗರಣ ಬಯಲಾಗಿ ರದ್ದಾದದ್ದು 2022ರ ಏಪ್ರಿಲಿನಲ್ಲಿ, ರದ್ದತಿ ಸರಿಯೆಂದು ಹೈಕೋರ್ಟು ಹೇಳಿದ್ದು 2023ರ ನವೆಂಬರಿನಲ್ಲಿ, ಮರುಪರೀಕ್ಷೆ 2024ರ ಜನವರಿಯಲ್ಲಿ.

ಮನಸ್ಸು ಮಾಡಿದರೆ ಬೇಗ ಮುಗಿಸಬಹುದೆಂಬುದಕ್ಕೂ ಉದಾಹರಣೆಯಿದೆ. 2022ರಲ್ಲಿ 15 ಸಾವಿರ ಪದವೀಧರ ಶಿಕ್ಷಕರ ನೇಮಕಕ್ಕೆ ಹೊರಟಾಗ, ಮದುವೆಯಾದ ಹೆಣ್ಣುಮಗಳ ಜಾತಿ ಆದಾಯದ ಪತ್ರ ತಂದೆಯ ಹೆಸರಿನದಿರಬೇಕೋ ಗಂಡನ ಹೆಸರಿನದಿರಬೇಕೋ ಎಂಬ ತಕರಾರು ಎದ್ದಿತು. 2023ರ ಜನವರಿಯಲ್ಲಿ ಹೈಕೋರ್ಟಿನ ಒಬ್ಬ ನ್ಯಾಯಾಧೀಶರ ಪೀಠ ಪಟ್ಟಿಯನ್ನು ರದ್ದು ಮಾಡಿತು. ಅದೇ ಅಕ್ಟೋಬರಿನಲ್ಲಿ ಇಬ್ಬರ ಪೀಠ ಆ ತೀರ್ಪನ್ನು ಬದಲಿಸಿ ನೇಮಕಕ್ಕೆ ಹಾದಿ ಬಿಟ್ಟಿತು. ಒಂಬತ್ತು ತಿಂಗಳು. ಸಾವಿರಾರು ಶಾಲೆಗಳು ಮೇಷ್ಟ್ರಿಲ್ಲದೆ ನಿಂತಿದ್ದವು, ಊರೂರಲ್ಲಿ ಕೂಗೆದ್ದಿತು, ಕೆಲಸವೂ ನಡೆಯಿತು. ಕೂಗಲು ಜನವಿಲ್ಲದ ಒಬ್ಬ ದಿನಗೂಲಿಯ ಮೊಕದ್ದಮೆಗೆ ಈ ಒಂಬತ್ತು ತಿಂಗಳ ಭಾಗ್ಯ ಏಕೆ ಇಲ್ಲ?

ದಿನಗೂಲಿಯ ಮಾತು ಬಂದಾಗ ಇನ್ನೊಂದು ಸಂಗತಿ ಹೇಳಲೇಬೇಕು. ದಿನಗೂಲಿ ನೌಕರರ ಹಣೆಬರಹ ಬರೆದ ಎರಡು ದೊಡ್ಡ ತೀರ್ಪುಗಳೂ ನಮ್ಮ ರಾಜ್ಯದಿಂದಲೇ ಹೋದವು. 1990ರಲ್ಲಿ ಧಾರವಾಡ ಜಿಲ್ಲೆಯ ಲೋಕೋಪಯೋಗಿ ಇಲಾಖೆಯ ದಿನಗೂಲಿ ನೌಕರರ ಸಂಘ ಸುಪ್ರೀಂ ಕೋರ್ಟಿಗೆ ಹೋಗಿ, ವರ್ಷಗಟ್ಟಲೆ ದುಡಿದವರನ್ನು ಹಂತಹಂತವಾಗಿ ಖಾಯಂ ಮಾಡಬೇಕೆಂಬ ಆಜ್ಞೆ ಪಡೆಯಿತು. ಅದೇ ಸುಪ್ರೀಂ ಕೋರ್ಟಿನ ಐವರು ನ್ಯಾಯಾಧೀಶರ ಪೀಠ 2006ರ ಏಪ್ರಿಲ್ 10ರಂದು ಉಮಾದೇವಿ ಪ್ರಕರಣದಲ್ಲಿ ಬಾಗಿಲು ಮುಚ್ಚಿತು. ಅಲ್ಲಿದ್ದವರು ನಮ್ಮ ವಾಣಿಜ್ಯ ತೆರಿಗೆ ಇಲಾಖೆಯಲ್ಲಿ 1985–86ರಿಂದ ದುಡಿದ ದಿನಗೂಲಿಗಳು. ಹೈಕೋರ್ಟಿನಲ್ಲಿ ಅವರು ಗೆದ್ದಿದ್ದರು, ಸರಕಾರ ಅಪೀಲು ಹೋಗಿ ಗೆದ್ದಿತು. ಹಿಂಬಾಗಿಲ ನೇಮಕ ಕೂಡದೆಂಬುದು ಆ ತೀರ್ಪಿನ ಸಾರ. ಅದನ್ನು ನಾವು ಅಲ್ಲಗಳೆಯುವುದಿಲ್ಲ, ಹಿಂಬಾಗಿಲಲ್ಲಿ ನುಗ್ಗುವವನು ಬಡವನ ಮಗನಲ್ಲವಲ್ಲ. ಆದರೆ ಹತ್ತು ವರ್ಷ ದುಡಿದವರನ್ನು ಒಂದು ಸಲಕ್ಕೆ ಖಾಯಂ ಮಾಡಲು ಯೋಚಿಸಿ ಎಂದೂ ಅದೇ ತೀರ್ಪಿನಲ್ಲಿತ್ತು. ಆ ಭಾಗವನ್ನು ಮಡಿಸಿಟ್ಟು ಉಳಿದದ್ದನ್ನು ಮಾತ್ರ ಓದಿದವರು ನಮ್ಮ ಅಧಿಕಾರಿಗಳು. ಈ ತೀರ್ಪನ್ನು ದುಡಿದವರ ವಿರುದ್ಧ ಆಯುಧವಾಗಿ ಬಳಸಬಾರದೆಂದು 2024ರ ಡಿಸೆಂಬರಿನಲ್ಲಿ ಸುಪ್ರೀಂ ಕೋರ್ಟೇ ಹೇಳಬೇಕಾಯಿತು. ಆ ಮೊಕದ್ದಮೆ ಕೇಂದ್ರ ಜಲ ಆಯೋಗದ ಕಚೇರಿಯಲ್ಲಿ ದಶಕಗಳ ಕಾಲ ಕಸ ಗುಡಿಸಿದ ಹೆಂಗಸರದು.

ತಡವೆಂಬುದರ ಬೆಲೆ ಸಂಬಳ ಒಂದರಲ್ಲೇ ಅಲ್ಲ. ನಮ್ಮ ರಾಜ್ಯದಲ್ಲಿ 2006ರ ಏಪ್ರಿಲ್ 1ರ ನಂತರ ಕೆಲಸಕ್ಕೆ ಸೇರಿದವರಿಗೆ ಹಳೆಯ ಪಿಂಚಣಿ ತಪ್ಪಿತು. ಅದಕ್ಕೂ ಮೊದಲೇ ಅಧಿಸೂಚನೆಯಾಗಿ, ನೇಮಕ ಮಾತ್ರ ತಡವಾಗಿ ಬಂದ ಸುಮಾರು 13 ಸಾವಿರ ನೌಕರರು ಈ ಗೆರೆಯ ಆಚೆಗೆ ಬಿದ್ದರು. ತಡ ಮಾಡಿದ್ದು ಸರಕಾರ, ಪಿಂಚಣಿ ಕಳೆದುಕೊಂಡವರು ಅವರು. ಅವರನ್ನು ಹಳೆಯ ಪಿಂಚಣಿಗೆ ಸೇರಿಸುವ ಆಜ್ಞೆ ಹೊರಟದ್ದು 2024ರ ಜನವರಿಯಲ್ಲಿ, ಹದಿನೇಳು ವರ್ಷಕ್ಕೂ ಮೇಲೆ.

ಈಗ ಸರಕಾರದ ಕ್ಯಾಲೆಂಡರನ್ನು ನಮ್ಮ ಕ್ಯಾಲೆಂಡರಿನ ಪಕ್ಕದಲ್ಲಿಟ್ಟು ನೋಡಿ. ನೇಮಕದಲ್ಲಿ ಅನ್ಯಾಯವಾದವನು ಆಡಳಿತ ನ್ಯಾಯಮಂಡಳಿಗೆ ಒಂದು ವರ್ಷದೊಳಗೆ ಹೋಗಬೇಕು. ಕಳಸದವನಿಗೆ ಅದು ಇರುವುದು ಬೆಂಗಳೂರಿನಲ್ಲಿ. ಗೆದ್ದ ಮೇಲೆ ಆಜ್ಞೆ ಪಾಲಿಸದಿದ್ದರೆ ನ್ಯಾಯಾಂಗ ನಿಂದನೆಯ ಅರ್ಜಿಗೂ ಒಂದೇ ವರ್ಷ. ಅದು ಕಳೆದರೆ ಗೆದ್ದವನ ಕೈಯಲ್ಲಿ ಉಳಿಯುವುದು ಕಾಗದ. ಕೆಲಸದಿಂದ ತೆಗೆದ ಕಾರ್ಮಿಕ ನೇರ ಲೇಬರ್ ಕೋರ್ಟಿಗೆ ಹೋಗಲು 2010ರ ತಿದ್ದುಪಡಿ 3 ವರ್ಷ ಕೊಟ್ಟಿತ್ತು. ಹೊಸ ಕೈಗಾರಿಕಾ ಸಂಬಂಧ ಸಂಹಿತೆ ಅದನ್ನು 2 ವರ್ಷಕ್ಕೆ ಇಳಿಸಿದೆ. ಸಣ್ಣ ವ್ಯಾಪಾರಿ ಜಿ.ಎಸ್.ಟಿ. ಲೆಕ್ಕ ಕೊಡಲು ಒಂದು ದಿನ ತಪ್ಪಿದರೆ ದಿನಕ್ಕೆ 50 ರೂಪಾಯಿ ದಂಡ, ವ್ಯಾಪಾರವೇ ಇಲ್ಲದಿದ್ದರೂ 20 ರೂಪಾಯಿ. ತೆರಿಗೆಯ ಆಜ್ಞೆಯ ಮೇಲೆ ಅವನು ಅಪೀಲು ಹಾಕಲು ಮೂರು ತಿಂಗಳು, ಕಾರಣ ತೋರಿಸಿದರೆ ಇನ್ನೊಂದು ತಿಂಗಳು. ಅದರ ಮೇಲೆ ಒಂದು ದಿನವಾದರೂ ಅಪೀಲಿನ ಅಧಿಕಾರಿ ಅದನ್ನು ತೆಗೆದುಕೊಳ್ಳುವಂತಿಲ್ಲ. ಅಂಗಡಿಯವನ ತಾಯಿ ಆಸ್ಪತ್ರೆಯಲ್ಲಿದ್ದಳೆಂಬ ಕಾರಣವೂ ನಡೆಯದು. ಅತ್ತ “ಕಡತ ಕಾಣಲಿಲ್ಲ” ಎಂಬ ಕಾರಣಕ್ಕೆ 3966 ದಿನ!

ಇನ್ನೊಂದು ವಿಚಿತ್ರ ನೋಡಿ. ಒಂದೇ ಪಟ್ಟಿಯ ಹತ್ತು ಜನರಲ್ಲಿ ಇಬ್ಬರು ಕೋರ್ಟಿಗೆ ಹೋಗಿ ಗೆದ್ದರೆ, ಉಳಿದ ಎಂಟು ಜನ ಆ ತೀರ್ಪು ಹಿಡಿದು ಆಮೇಲೆ ಹೋದಾಗ, ನೀವು ಬೇಲಿಯ ಮೇಲೆ ಕೂತು ನೋಡುತ್ತಿದ್ದವರು, ನಿಮಗೆ ಈ ಲಾಭವಿಲ್ಲ ಎನ್ನಲಾಗುತ್ತದೆ. 2014ರಲ್ಲಿ ಸುಪ್ರೀಂ ಕೋರ್ಟು ಈ ಬಗೆಗೆ ನಿಯಮವನ್ನೇ ಬರೆಯಿತು: ಸಮಾನರಿಗೆ ಸಮಾನ ಲಾಭ ಕೊಡುವುದು ಸಾಮಾನ್ಯ ನಿಯಮ, ತಡವಾಗಿ ಬಂದವರು ಅದಕ್ಕೆ ಹೊರತು. ಆ ಎಂಟು ಜನ ಬೇಲಿಯ ಮೇಲೆ ಕೂತದ್ದು ಮೋಜಿಗಲ್ಲ. ವಕೀಲರ ಫೀಜಿಗೆ ಹಣವಿರಲಿಲ್ಲ. ಬಡತನದಿಂದ ತಡವಾದರೆ ಅದು ದೋಷ, ಆಲಸ್ಯದಿಂದ ತಡವಾದರೆ ಅದು ಆಡಳಿತದ ತೊಂದರೆ. ಇದು ಯಾವ ಊರಿನ ನ್ಯಾಯ?

ಕೋರ್ಟಿನ ಆಜ್ಞೆಯನ್ನು ದಿನ ತಪ್ಪದೆ ಪಾಲಿಸುವುದು ಸರಕಾರಕ್ಕೆ ತಿಳಿಯದ ವಿದ್ಯೆಯೇನೂ ಅಲ್ಲ. ಕಳಸದ ಬಳಿಯ ಕುದುರೆಮುಖವನ್ನು ನಮ್ಮ ಜನ ಮರೆತಿಲ್ಲ. 1976ರಲ್ಲಿ ಕೇಂದ್ರ ಸರಕಾರವೇ ಕಟ್ಟಿದ ಕಬ್ಬಿಣದ ಅದಿರಿನ ಕಂಪೆನಿ ಅದು. ಅಲ್ಲಿನ ಗಣಿಗಾರಿಕೆ 2005ರ ಕೊನೆಗೆ ನಿಲ್ಲಬೇಕೆಂದು 2002ರ ಅಕ್ಟೋಬರಿನಲ್ಲಿ ಸುಪ್ರೀಂ ಕೋರ್ಟು ಹೇಳಿತು. ಕಾಡು, ಭದ್ರೆಯ ನೀರು ಉಳಿಯಬೇಕಾದದ್ದೇ, ಆ ತೀರ್ಪಿನೊಡನೆ ನಮಗೆ ಜಗಳವಿಲ್ಲ. ಹೇಳಿದಂತೆ 2005ರ ಡಿಸೆಂಬರ್ 31ಕ್ಕೆ ಗಣಿ ನಿಂತಿತು. ಟೌನ್‌ಶಿಪ್ಪು ಬರಿದಾಯಿತು, ಅದನ್ನು ನಂಬಿದ್ದ ಅಂಗಡಿಗಳು ಬಾಗಿಲು ಹಾಕಿದವು. ದುಡಿಯುವವನ ಕೆಲಸ ಹೋಗುವ ಆಜ್ಞೆ ದಿನಾಂಕದ ಪ್ರಕಾರ ಜಾರಿಯಾಗುತ್ತದೆ. ದುಡಿಯುವವನಿಗೆ ಕೆಲಸ ಕೊಡುವ ಆಜ್ಞೆ ಮಾತ್ರ ಮೇಜಿನಿಂದ ಮೇಜಿಗೆ ಅಲೆಯುತ್ತದೆ. ದೇವರು ವರ ಕೊಟ್ಟರೂ ಪೂಜಾರಿ ಕೊಡ ಎಂಬ ಗಾದೆ ಸುಮ್ಮನೆ ಹುಟ್ಟಲಿಲ್ಲ.

ಸರಕಾರದ ಪರವಾಗಿಯೂ ಒಂದು ಮಾತಿದೆ, ಅದನ್ನು ಮುಚ್ಚಿಡಬಾರದು. ಬೊಕ್ಕಸ ಜನರದು. ಯಾವನೋ ಅಧಿಕಾರಿ ಎದುರು ಪಕ್ಷದೊಡನೆ ಒಳಒಪ್ಪಂದ ಮಾಡಿಕೊಂಡು ಬೇಕೆಂದೇ ಅಪೀಲಿನ ದಿನ ಕಳೆದರೆ ಜನರ ಆಸ್ತಿ ಹೋಗಬೇಕೆ? ಲಂಚದ ಪಟ್ಟಿಯೊಂದು ಗಡುವಿನ ಬಲದಿಂದ ಊರ್ಜಿತವಾಗಬೇಕೆ? ಕೂಡದು. ಮೋಸ ನಡೆದಲ್ಲಿ ಕೋರ್ಟು ಕಣ್ಣು ತೆರೆಯಲಿ. ಆದರೆ ಹಾಗೆ ಬೇಡುವ ಸರಕಾರ ಮೊದಲು ಆ ಅಧಿಕಾರಿಯ ಹೆಸರು ಹೇಳಿ, ಅವನ ಮೇಲೆ ಏನು ಕ್ರಮ ಕೈಗೊಂಡಿತೆಂದು ತೋರಿಸಿ, ಆಮೇಲೆ ಬಾಗಿಲು ತಟ್ಟಲಿ. ತಡ ಮಾಡಿದವನು ಬಡ್ತಿ ಪಡೆದು ಮೇಲೆ ಹೋಗುವುದು, ದಂಡ ಬೊಕ್ಕಸದಿಂದ ತೆರುವುದು, ಅಂದರೆ ನಮ್ಮ ನಿಮ್ಮ ತೆರಿಗೆಯಿಂದ ತೆರುವುದು, ಇದು ಬೊಕ್ಕಸ ಕಾಯುವ ರೀತಿಯಲ್ಲ. ಸರಕಾರದ ಮೊಕದ್ದಮೆಗಳನ್ನು ಸರಿಯಾಗಿ ನಡೆಸಬೇಕೆಂದು ನಮ್ಮ ವಿಧಾನಮಂಡಲ 2023ರಲ್ಲಿ ಒಂದು ಕಾಯಿದೆಯನ್ನೇ ಮಾಡಿದೆ. ಕಾಯಿದೆ ಪುಸ್ತಕದಲ್ಲಿದೆ, ಅದು ಕಚೇರಿಯ ಮೇಜಿಗೆ ಇಳಿದು ಬರಬೇಕು.

ಆದ್ದರಿಂದ ನಾವು ಕೇಳುವುದು ಇಷ್ಟು. ಒಂದು, ನೇಮಕದ ಮೊಕದ್ದಮೆಯಲ್ಲಿ ಸೋತ ಇಲಾಖೆ ಪಾಲಿಸುತ್ತೇವೆಯೋ ಅಪೀಲು ಹೋಗುತ್ತೇವೆಯೋ ಎಂಬುದನ್ನು 30 ದಿನದೊಳಗೆ ನಿರ್ಧರಿಸಿ ಗೆದ್ದವನಿಗೆ ಬರಹದಲ್ಲಿ ತಿಳಿಸಬೇಕು. ಎರಡು, ಗಡುವು ಮೀರಿದ ಅಪೀಲಿನ ದಂಡವನ್ನು ತಡ ಮಾಡಿದ ಅಧಿಕಾರಿಯ ಸಂಬಳದಿಂದ ವಸೂಲು ಮಾಡಬೇಕು. ಮೂರು, ತಡದ ಅರ್ಜಿ ತೀರ್ಮಾನವಾಗುವ ತನಕ ಆ ಹುದ್ದೆಯನ್ನು ಬೇರೆಯವರಿಗೆ ಕೊಡಬಾರದು, ಗೆದ್ದವನ ವಯಸ್ಸು, ಜ್ಯೇಷ್ಠತೆ, ಪಿಂಚಣಿ ಕೋರ್ಟಿನ ಅಲೆದಾಟದಲ್ಲಿ ಸವೆಯಬಾರದು. ನಾಲ್ಕು, ಒಬ್ಬ ಗೆದ್ದರೆ ಅದೇ ಪಟ್ಟಿಯ ಅಂಥವರೆಲ್ಲರಿಗೂ ಇಲಾಖೆ ತಾನಾಗಿಯೇ ಆ ಲಾಭ ಕೊಡಬೇಕು, ಒಬ್ಬೊಬ್ಬನನ್ನೂ ಕೋರ್ಟಿನ ಮೆಟ್ಟಿಲು ಹತ್ತಿಸಬಾರದು.

ನಮ್ಮ ಓದುಗರಿಗೂ ಒಂದೆರಡು ಮಾತು. ಕೇಳಿಕೊಂಡು ಕೂತರೆ ಆಗದು. ನಿಮ್ಮ ಮನೆಯ ಮಕ್ಕಳು ನೇಮಕದ ವ್ಯಾಜ್ಯದಲ್ಲಿ ಸಿಕ್ಕಿಕೊಂಡಿದ್ದರೆ ತೀರ್ಪಿನ ದಿನಾಂಕವನ್ನು ಗೋಡೆಯ ಕ್ಯಾಲೆಂಡರಿನಲ್ಲಿ ಗುರುತು ಮಾಡಿ. ದೃಢೀಕೃತ ನಕಲನ್ನು ಕೂಡಲೇ ಪಡೆದು ಇಲಾಖೆಗೆ ಕೊಟ್ಟು ರಸೀದಿ ಇಟ್ಟುಕೊಳ್ಳಿ. ಮೇಲಿನ ಕೋರ್ಟಿನಲ್ಲಿ ಕೇವಿಯಟ್ ಹಾಕಿಡಿ. ನಿಮ್ಮ ಮಾತು ಕೇಳದೆ ತಡೆಯಾಜ್ಞೆ ಬರದಂತೆ ಅದು 90 ದಿನ ಕಾಯುತ್ತದೆ, ಮುಗಿದ ಮೇಲೆ ಮತ್ತೆ ಹಾಕಬೇಕು. ಆಜ್ಞೆ ಪಾಲಿಸದಿದ್ದರೆ ವರ್ಷ ತುಂಬುವ ಮೊದಲೇ ನಿಂದನೆಯ ಅರ್ಜಿ ಹಾಕಿ. ಕಡತ ಯಾವ ಮೇಜಿನಲ್ಲಿ ಎಷ್ಟು ದಿನ ಇತ್ತೆಂದು ಮಾಹಿತಿ ಹಕ್ಕಿನಲ್ಲಿ ಕೇಳಿ, ತಡದ ಪ್ರಮಾಣಪತ್ರಕ್ಕೆ ಅದಕ್ಕಿಂತ ಒಳ್ಳೆಯ ಉತ್ತರವಿಲ್ಲ. ವಕೀಲರಿಗೆ ಹಣವಿಲ್ಲವೆಂದು ಹಿಂಜರಿಯಬೇಡಿ. 1987ರ ಕಾನೂನು ಸೇವೆಗಳ ಕಾಯಿದೆಯಂತೆ ಹೆಂಗಸರು, ಪರಿಶಿಷ್ಟ ಜಾತಿ ಪಂಗಡದವರು, ಕೈಗಾರಿಕಾ ಕಾರ್ಮಿಕರು ಆದಾಯ ಎಷ್ಟೇ ಇರಲಿ, ಪುಕ್ಕಟೆ ವಕೀಲರನ್ನು ಪಡೆಯುವ ಹಕ್ಕುಳ್ಳವರು. ಜಿಲ್ಲಾ ಕಾನೂನು ಸೇವಾ ಪ್ರಾಧಿಕಾರಕ್ಕೋ ತಾಲೂಕು ಸಮಿತಿಗೋ ಒಂದು ಅರ್ಜಿ ಸಾಕು.

ಕೋರ್ಟಿನಲ್ಲಿ ಗೆದ್ದವನು ಸೋತ, ಸೋತವನು ಸತ್ತ ಎಂದು ನಮ್ಮ ಹಿರಿಯರು ಹೇಳುತ್ತಿದ್ದರು. ಪರದೇಶದ ಆಳ್ವಿಕೆಯ ಕಾಲದಲ್ಲಿ ಆ ಮಾತು ನಿಜವಾಗಿದ್ದರೆ ಅದರಲ್ಲಿ ಅಚ್ಚರಿಯಿರಲಿಲ್ಲ. ನಾವೇ ಓಟು ಕೊಟ್ಟು ಕೂರಿಸಿದ ಸರಕಾರದ ಎದುರಿಗೂ ಅದು ನಿಜವಾಗಿಯೇ ಉಳಿದರೆ ನಾಚಬೇಕಾದವರು ಆಳುವವರು. ಕಾಲಪರಿಮಿತಿಯ ಕಾನೂನು ತೋಟದ ಲೈನಿಗೂ ವಿಧಾನಸೌಧಕ್ಕೂ ಒಂದೇ ಆಗಬೇಕು. ಆಗುವವರೆಗೆ ಈ ಪ್ರಶ್ನೆಯನ್ನು ಬಿಡಬಾರದು.